ಒಂದೇ ಮೊಳೆಯ ಚಂದ್ರ

ಸೋಮವಾರ ಬೆಳಿಗ್ಗೆ ಹತ್ತು ಗಂಟೆ ಐದು ನಿಮಿಷ, ಪತ್ರಿಕೆಯ ತಿದ್ದುಪಡಿ ವಿಭಾಗದ ಫೋನು ಇನ್ನೂ ಒಂದು ಸಲವೂ ಹೊಡೆದುಕೊಂಡಿಲ್ಲ. ಎದುರು ಕಟ್ಟಡದ ಗಾಜಿಗೆ ಬಡಿದ ಬಿಸಿಲು ವಾಪಸು ನನ್ನ ಮೇಜಿಗೆ ಬಂದು ಓರೆಯಾದ ಒಂದು ಚೌಕ ಮಾಡಿದೆ, ಚೌಕದೊಳಗೆ ನಿನ್ನೆಯ ಪುರವಣಿಯ ಹದಿಮೂರನೇ ಪುಟ, ಪುಟದ ನಡುವಿನ ಚಿತ್ರದಲ್ಲಿ ಅವನು, ಹಳೆಯ ಟೀವಿ ಕಾರ್ಯಕ್ರಮದ ಕಾಲುಗಂಟೆ ಮೇಷ್ಟ್ರು, ಕೈಯಲ್ಲಿ ಕೋಲು, ಬೆನ್ನ ಹಿಂದೆ ನೀಲಿ ಹಲಗೆ, ಹಲಗೆಯ ತಳದಲ್ಲಿ ಮುಳುಗುವ ಸೂರ್ಯ, ಮೇಲೆ ಪ್ಲೈವುಡ್ಡಿನ ಚಂದ್ರ — ಬಿದಿಗೆಯ ಚಂದ್ರ, ಎರಡೂ ಕೊಂಬು ಕೆಳಗೆ, ಸೂರ್ಯನ ಕಡೆಗೆ, ಮಗುಚಿದ ದೋಣಿಯ ಹಾಗೆ. ತಪ್ಪು, ಅಪ್ಪಟ ತಪ್ಪು, ಚಂದ್ರನಿಗೆ ಬೆಳಕು ಬರುವುದೇ ಸೂರ್ಯನಿಂದ, ಬೆಳಕು ಬಿದ್ದ ಬೆನ್ನು ಸೂರ್ಯನ ಕಡೆಗೇ ಇರಬೇಕು, ಕೊಂಬು ಯಾವಾಗಲೂ ಆಚೆ ಕಡೆಗೆ, ಭೂಮಿಯ ಮೇಲೆ ಯಾವ ಊರಲ್ಲಿ ನಿಂತು ನೋಡಿದರೂ ಆಚೆ ಕಡೆಗೆ. ಎರಡು ಲಕ್ಷ ಹತ್ತು ಸಾವಿರ ಪ್ರತಿ, ಎರಡು ಲಕ್ಷ ಹತ್ತು ಸಾವಿರ ಮಗುಚಿದ ಚಂದ್ರ, ಅಚ್ಚಿಗೆ ಹೋಗುವ ಮುಂಚಿನ ಪ್ರತಿಯಲ್ಲಿ ಕೆಳಗೆ ಬಲಮೂಲೆಗೆ ಹಸಿರು ಶಾಯಿಯಲ್ಲಿ ನನ್ನ ರುಜು. ಇಪ್ಪತ್ತಾರು ವರ್ಷ ಈ ಕುರ್ಚಿಯಲ್ಲಿ ಕೂತು ಸತ್ತವರ ವಯಸ್ಸು, ಸೇತುವೆಯ ಉದ್ದ, ಮಂತ್ರಿಗಳ ಖಾತೆ, ಪದಬಂಧದ ಮನೆ, ಎಲ್ಲವನ್ನೂ ಸೋಸಿದ್ದೇನೆ, ಕಣ್ಣು ತಪ್ಪಿ ಹೋದವು ಇವೆ, ಕಣ್ಣಾರೆ ಕಂಡು ಬಿಟ್ಟದ್ದು ಇದೊಂದೇ. ಬಿಡದೆ ಬೇರೆ ದಾರಿ ಇರಲಿಲ್ಲ, ಎರಡನೇ ಪುಟದ ಕೆಳಗಿನ ತಿದ್ದುಪಡಿ ಮೂಲೆ ನನ್ನದೇ ಆದರೂ ಅದರ ಕಟ್ಟುಪಾಡು ನನ್ನದಲ್ಲ — ನಮ್ಮ ಪತ್ರಿಕೆಯಲ್ಲಿ ಅಚ್ಚಾದ ತಪ್ಪನ್ನು ಮಾತ್ರ ಅಲ್ಲಿ ತಿದ್ದಬಹುದು, ಮೂವತ್ತೆಂಟು ವರ್ಷದ ಹಿಂದೆ ಟೀವಿಯಲ್ಲಿ ಆದ ತಪ್ಪನ್ನು ತಿದ್ದುವ ಹಾಗಿಲ್ಲ, ಆದ್ದರಿಂದ ಮೊದಲು ಅದು ನಮ್ಮಲ್ಲಿ ಅಚ್ಚಾಗಬೇಕಿತ್ತು, ಆಯಿತು. ಎರಡನೇ ಕಟ್ಟುಪಾಡು, ನಾನೇ ರುಜು ಹಾಕಿ ಬಿಟ್ಟದ್ದನ್ನು ನಾನೇ ಎತ್ತಿ ತೋರಿಸುವ ಹಾಗಿಲ್ಲ, ಓದುಗರು ಹೇಳಬೇಕು. ಮಧ್ಯಾಹ್ನ ಒಂದಕ್ಕೆ ಮೂಲೆ ಮುಚ್ಚುತ್ತದೆ. ಎರಡು ಲಕ್ಷ ಮನೆಯಲ್ಲಿ ಆಕಾಶ ನೋಡಿದವರು ಒಬ್ಬರಾದರೂ ಇರಬೇಕಲ್ಲ, ಹೊಡೆದುಕೋ, ಮಾರಾಯ, ಹೊಡೆದುಕೋ.

ಹೊಡೆದುಕೊಂಡಿತು. ಹತ್ತು ಹದಿನೇಳು. ಅಳತೆ ತಾತ. ಸರ್ವೆ ಇಲಾಖೆಯಿಂದ ನಿವೃತ್ತರಾಗಿ ಹತ್ತೊಂಬತ್ತು ವರ್ಷ, ಅಂದಿನಿಂದ ದಿನಾ ಒಂದು ಫೋನು, ಹಬ್ಬ ಹುಣ್ಣಿಮೆ ರಜವಿಲ್ಲ, ಏನಮ್ಮಾ ಬೆಳಿಗ್ಗೆ ಬೆಳಿಗ್ಗೆ ನಿಮ್ಮ ಪೇಪರು ಕೆರೇನ ಅರ್ಧ ನುಂಗಿಬಿಟ್ಟಿದೆಯಲ್ಲ, ಐದನೇ ಪುಟ ನೋಡು, ನಲವತ್ತೆರಡು ಎಕರೆ ಅಂತೆ, ನಾನೇ ಸರಪಳಿ ಎಳೆದು ಅಳೆದಿದೀನಿ, ಎಂಬತ್ತೊಂದು ಎಕರೆ ಅದು, ಉಳಿದಿದ್ದು ಯಾರ ಹೊಟ್ಟೆಗೆ ಹೋಯ್ತು ಕೇಳು. ಬರೆದುಕೊಂಡೆ, ಎಂಬತ್ತೊಂದು. ಮತ್ತೇನಾದರೂ ಸಾರ್. ಮತ್ತೇನಿಲ್ಲಮ್ಮ. ನಿನ್ನೆ ಪುರವಣಿ ನೋಡಿದಿರಾ ಸಾರ್ — ಇದು ಕೇಳಬಾರದ ಪ್ರಶ್ನೆ, ಓದುಗರ ಬಾಯಿಗೆ ಮಾತು ತುರುಕುವ ಹಾಗಿಲ್ಲ, ಗೊತ್ತು, ಕೇಳಿದೆ. ನೋಡದೆ ಏನು, ಕಾಲುಗಂಟೆ ಮೇಷ್ಟ್ರು, ಅಯ್ಯೋ, ನನ್ನ ಮಕ್ಕಳು ಅದನ್ನ ನೋಡದೆ ಊಟಕ್ಕೇ ಕೂರ್ತಿರಲಿಲ್ಲ, ನಮ್ಮನೆಯವಳು ಪುಟ ಕತ್ತರಿಸಿ ಇಟ್ಕೊಂಡಳು. ಚಿತ್ರ ಹೇಗಿತ್ತು ಸಾರ್. ಚಿತ್ರ ಫಸ್ಟ್ ಕ್ಲಾಸ್, ನಾಳೆ ಸಿಗೋಣ. ಇಟ್ಟರು. ಒಂದು ಕೆರೆಯ ಮೂವತ್ತೊಂಬತ್ತು ಎಕರೆ ಕಣ್ಣಿಗೆ ಬೀಳುತ್ತದೆ, ಆಕಾಶ ಬೀಳುವುದಿಲ್ಲ, ಮನುಷ್ಯ ನೆಲ ನೋಡಿಕೊಂಡೇ ಎಂಬತ್ತು ವರ್ಷ ಬದುಕಿಬಿಡಬಹುದು. ಅದನ್ನ ನೋಡದೆ ಊಟಕ್ಕೇ ಕೂರ್ತಿರಲಿಲ್ಲ — ನಾನೂ ಅಷ್ಟೇ, ನಾನು ಅವರಿಗಿಂತ ಹೆಚ್ಚು, ಬುಧವಾರ ಸಂಜೆ ಐದೂ ಕಾಲು, ನಮ್ಮ ಮನೆಯಲ್ಲಿ ಟೀವಿ ಇರಲಿಲ್ಲ, ಬೀದಿಯ ಕೊನೆಯಲ್ಲಿ ಮೂಲೆಮನೆ ಆಂಟಿಯ ಹತ್ತಿರ ಇತ್ತು, ಮರದ ಪೆಟ್ಟಿಗೆಯೊಳಗೆ, ಬಾಗಿಲು ಎಳೆದು ಮುಚ್ಚುವಂಥದ್ದು, ಬಾಗಿಲ ಸಂದಿಯಿಂದಲೇ ಆಂಟಿ ಕೂಗುತ್ತಿದ್ದಳು, ಕಾಲು ತೊಳ್ಕೊಂಡು ಬರ್ರೋ, ನಿಮ್ಮಪ್ಪಂದಿರು ಬಂದು ನನ್ನ ನೆಲ ಒರೆಸ್ತಾರಾ, ಹೊರಗಿನ ನಲ್ಲಿಯಲ್ಲಿ ನೀರು ದಾರದ ಹಾಗೆ ಬರುತ್ತಿತ್ತು, ಏಳು ಮಕ್ಕಳು, ಹದಿನಾಲ್ಕು ಕಾಲು, ಚಿಕ್ಕವಳಾದ ನನ್ನದು ಕೊನೆಯ ಸರದಿ, ನಲ್ಲಿಯ ಕೆಳಗೆ ನಿಂತೇ ಕೇಳುತ್ತಿದ್ದೆ, ಟಿಣ್ ಟಿಣ್ ಟಿಣ್, ಆಮೇಲೆ ಬಾಯಲ್ಲಿ ಊದುವ ಯಾವುದೋ ಪುಟ್ಟ ವಾದ್ಯ, ನಾಲ್ಕೇ ಸ್ವರ, ಆ ನಾಲ್ಕು ಸ್ವರ ಈಗ ಎಲ್ಲಾದರೂ ಕೇಳಿದರೆ ಪಾದ ತಣ್ಣಗಾಗುತ್ತದೆ.

ಎಷ್ಟು ಬಡ ಕಾರ್ಯಕ್ರಮ ಅದು, ಈಗ ನೆನೆದರೆ ನಗು ಬರಬೇಕು, ಬರುವುದಿಲ್ಲ. ರಟ್ಟಿನ ಗಡಿಯಾರ, ಅದರ ಮುಳ್ಳನ್ನು ಹನ್ನೆರಡರಿಂದ ಮೂರಕ್ಕೆ ಯಾರೋ ಹಿಂದಿನಿಂದ ತಿರುಗಿಸುತ್ತಿದ್ದರು, ಕೆಲವು ಸಲ ಬೆರಳು ಕಾಣುತ್ತಿತ್ತು. ಕಂಬಳಿ ಬಟ್ಟೆಯ ಆನೆ, ಅದಕ್ಕೆ ಒಂದೇ ಕಿವಿ, ಇನ್ನೊಂದು ಹನ್ನೆರಡನೇ ಕಂತಿನಲ್ಲಿ ಉದುರಿಹೋಗಿ ಮತ್ತೆ ಯಾರೂ ಹೊಲಿಯಲಿಲ್ಲ, ಆನೆ ಪ್ರಶ್ನೆ ಕೇಳುವುದು, ಮೇಷ್ಟ್ರು ಉತ್ತರ ಹೇಳುವುದು, ಕಾಗದ ಏಕೆ ತೇಲುತ್ತದೆ, ಸೂಜಿ ಏಕೆ ಮುಳುಗುತ್ತದೆ, ಮುಳುಗದ ಹಾಗೆ ಸೂಜಿಯನ್ನು ನೀರಿನ ಮೇಲೆ ಮಲಗಿಸುವುದು ಹೇಗೆ. ನಾನು ಮಲಗಿಸಿದ್ದೇನೆ, ಅಪ್ಪನ ಅಂಗಡಿಯ ಸೂಜಿ, ಹನ್ನೊಂದನೇ ಪ್ರಯತ್ನಕ್ಕೆ ನಿಂತಿತು. ಅಪ್ಪ ದರ್ಜಿ, ಪ್ಯಾಂಟು ಹೊಲಿಯುವುದರಲ್ಲಿ ಪಳಗಿದ ಕೈ, ಶಾಲೆ ಬಿಟ್ಟ ಮೇಲೆ ನಾನು ಅಂಗಡಿಯ ಮೆಟ್ಟಿಲ ಮೇಲೆ ಕೂತು ಕತ್ತಲಾಗುವವರೆಗೆ ಅಪ್ಪನಿಗೆ ಕಾಯುತ್ತಿದ್ದೆ, ಆ ತಿಂಗಳು ಸಂಜೆ ಸಂಜೆ ಚಂದ್ರನನ್ನು ಬರೆದೆ, ಬಟ್ಟೆಗೆ ಗುರುತು ಹಾಕುವ ಚಪ್ಪಟೆ ಸೀಮೆಸುಣ್ಣದಲ್ಲಿ, ಕಪ್ಪು ಪ್ಯಾಂಟು ಬಟ್ಟೆಯ ಚೂರುಗಳ ಮೇಲೆ, ಒಂದು ಸಂಜೆಗೆ ಒಂದು ಚೂರು, ಸೂರ್ಯ ಮುಳುಗಿದ ಕಡೆಗೆ ಒಂದು ಬಾಣ. ಒಂಬತ್ತು ಚೂರಿನಲ್ಲೂ ಬಾಣ ಬೆನ್ನಿನ ಕಡೆಗಿತ್ತು. ಆದ್ದರಿಂದಲೇ ಮೂವತ್ತೊಂದನೇ ಕಂತಿನ ದಿನ ನಾನು ಕಾಲು ಒರೆಸಿಕೊಂಡು ಒಳಗೆ ಬಂದಾಗ, ನೀಲಿ ಹಲಗೆಯ ಮೇಲೆ ಆ ಚಂದ್ರ ಕೊಂಬು ಕೆಳಗೆ ಹಾಕಿಕೊಂಡು ಮೊಳೆಯಿಂದ ನೇತಾಡುತ್ತಿದ್ದಾಗ, ನನಗೆ ಮೈ ಬೆಚ್ಚಗಾಯಿತು, ಹೆದರಿಕೆಯಿಂದಲ್ಲ, ಸಂತೋಷದಿಂದ, ಮೇಷ್ಟ್ರಿಗೆ ಗೊತ್ತಿಲ್ಲದ್ದು ನನಗೆ ಗೊತ್ತು, ಹೇಳಿದರೆ ಅವರಿಗೂ ಸಂತೋಷವಾಗುತ್ತದೆ. ಆಗ ಮನಸ್ಸಿನಲ್ಲೂ ಬಹುವಚನ. ಅಪ್ಪನೇ ಕಾರ್ಡು ತಂದುಕೊಟ್ಟ, ಅಂಗಡಿಯ ಇಸ್ತ್ರಿ ಮೇಜಿನ ಮೇಲೆ ಬರೆದೆ, ಪ್ರೀತಿಯ ಮೇಷ್ಟ್ರಿಗೆ ನಮಸ್ಕಾರಗಳು, ಚಂದ್ರ ಉಲ್ಟಾ ನೇತಾಡುತ್ತಿದೆ, ಬೆನ್ನು ಸೂರ್ಯನ ಕಡೆ ಇರಬೇಕು, ನಾನು ಒಂಬತ್ತು ದಿನ ನೋಡಿದ್ದೇನೆ, ತಪ್ಪಿದ್ದರೆ ಕ್ಷಮಿಸಿ. ತಪ್ಪಿದ್ದರೆ ಕ್ಷಮಿಸಿ ಎಂಬುದು ಅಪ್ಪ ಹೇಳಿ ಬರೆಸಿದ್ದು. ಮುಂದಿನ ಬುಧವಾರ ಅಪ್ಪ ಅಂಗಡಿ ಬೇಗ ಮುಚ್ಚಿ ಬಂದ, ಕೊರಳಲ್ಲಿ ಅಳತೆಯ ಟೇಪು ಹಾಗೇ ಇತ್ತು, ಬೀದಿಗೆಲ್ಲ ಹೇಳಿದ್ದ, ನಮ್ಮ ಹುಡುಗಿ ಕಾರ್ಡು ಓದಬಹುದು ಇವತ್ತು, ಮೂಲೆಮನೆ ಆಂಟಿ ಆ ದಿನ ಯಾರಿಗೂ ಕಾಲು ತೊಳೆಯಲು ಹೇಳಲಿಲ್ಲ. ಓದಿದ, ಟೀವಿಯಲ್ಲಿ, ಮೇಷ್ಟ್ರು. ಹೆಸರು ಓದಿದ, ತರಗತಿ, ಬೀದಿ, ಮನೆಯ ನಂಬರು ಸಮೇತ ಓದಿದ, ಕನ್ನಡಕ ಇಳಿಸಿ ಆನೆಯ ಕಡೆ ನೋಡಿ ಹೇಳಿದ, ಆನೆಮರಿ, ಈ ಪಾಪು ತಲೆಕೆಳಗಾಗಿ ನಿಂತು ಟೀವಿ ನೋಡಿದೆ ಅಂತ ಕಾಣುತ್ತೆ, ಚಂದ್ರ ನೆಟ್ಟಗೇ ಇದ್ದ, ಪಾಪು ಉಲ್ಟಾ ಇತ್ತು. ಆನೆ ಸೊಂಡಿಲು ಎತ್ತಿ ನಕ್ಕಿತು. ಆಂಟಿ ನಕ್ಕಳು, ಆರು ಮಕ್ಕಳು ನಕ್ಕರು, ಅಣ್ಣ ಬಿದ್ದು ಬಿದ್ದು ನಕ್ಕ. ಅಪ್ಪ ನಕ್ಕ. ಕೊನೆಗೆ ನಕ್ಕದ್ದಲ್ಲ, ಎಲ್ಲರಿಗಿಂತ ಮೊದಲು, ಅವನ ಕೊರಳ ಟೇಪು ಕುಲುಕಿದ್ದನ್ನು ನಾನು ನೋಡಿದೆ, ಅಂಗುಲದ ಗೆರೆಗಳು ಮೇಲೆ ಕೆಳಗೆ ಮೇಲೆ ಕೆಳಗೆ. ಅಲ್ಲಿಂದ ನಾನು ತಲೆಕೆಳಗಿ. ಶಾಲೆಯಲ್ಲಿ ತಲೆಕೆಳಗಿ, ನಲ್ಲಿಯ ಹತ್ತಿರ ತಲೆಕೆಳಗಿ, ಹೋದ ತಿಂಗಳು ಅಣ್ಣನ ಮನೆಯಲ್ಲಿ ಊಟಕ್ಕೆ ಕೂತಾಗ, ಅವನ ಬೀಗರೆದುರಿಗೆ, ನೋಡಿ ನಮ್ಮ ತಲೆಕೆಳಗಿ ಬಂದಳು, ಪೇಪರಲ್ಲಿ ಕೆಲಸ, ಓದೋದು ಮಾತ್ರ ಉಲ್ಟಾ. ಎಲ್ಲರೂ ನಕ್ಕರು, ನಲವತ್ತೇಳು ವರ್ಷದ ನಾನೂ ಸಾರು ಬಡಿಸಿಕೊಳ್ಳುತ್ತ ನಕ್ಕೆ, ನಗದಿದ್ದರೆ ಅದು ಇನ್ನೊಂದು ತಮಾಷೆ.

ಹನ್ನೊಂದು ಇಪ್ಪತ್ತು. ಪದಬಂಧದ ಹೆಂಗಸು, ಮೇಲಿನಿಂದ ಕೆಳಕ್ಕೆ ಒಂಬತ್ತಕ್ಕೆ ಮನೆ ಸಾಲದು. ಹನ್ನೊಂದು ನಲವತ್ತು. ಒಬ್ಬ ಟೀಚರು, ಹಾಲಿನಂಥ ಸ್ವರ, ಮೇಡಂ ಅದು ದೂರು ಅಲ್ಲ, ನಿನ್ನೆ ಮೇಷ್ಟ್ರ ಪುಟ ಬಂದಿತ್ತಲ್ಲ, ನನಗೆ ಇನ್ನೆರಡು ಪ್ರತಿ ಬೇಕಿತ್ತು, ಲ್ಯಾಮಿನೇಟ್ ಮಾಡ್ಸಿ ಕ್ಲಾಸಲ್ಲಿ ನೇತು ಹಾಕೋಣ ಅಂತ, ನಮ್ಮ ಮಕ್ಕಳು ಮೊಬೈಲ್ ಬಿಟ್ಟು ಆಕಾಶಾನೇ ನೋಡಲ್ಲ. ಪ್ರಸಾರ ವಿಭಾಗದ ನಂಬರು ಕೊಟ್ಟೆ. ಒಂದು ನಿಮಿಷ ತಡೀರಿ ಎನ್ನಬಹುದಿತ್ತು, ನಾಳೆಯವರೆಗೆ ಲ್ಯಾಮಿನೇಟ್ ಮಾಡಿಸಬೇಡಿ ಎನ್ನಬಹುದಿತ್ತು. ಆಕೆ ಥ್ಯಾಂಕ್ಸ್ ಹೇಳಿ ಇಟ್ಟಳು, ನಲವತ್ತು ಮಕ್ಕಳ ತಲೆಯ ಮೇಲೆ ಪ್ಲಾಸ್ಟಿಕ್ಕಿನೊಳಗೆ ಮಗುಚಿದ ಚಂದ್ರ, ಅದರಲ್ಲಿ ಒಬ್ಬಳು ಎದ್ದು ನಿಂತು ಮಿಸ್ ಇದು ತಪ್ಪು ಎನ್ನುತ್ತಾಳೆ, ಆಗ ಮಿಸ್ ಏನನ್ನುತ್ತಾಳೆ — ಬೇಡ, ಆ ಕಡೆ ಹೋಗುವುದು ಬೇಡ. ಸಂಪಾದಕರು ಆಚೆಯಿಂದ ಹಾದುಹೋದರು, ಭಾನುವಾರದ ಪುಟ ಸೂಪರ್ ಹಿಟ್ಟು ಕಣ್ರೀ, ಇಂಥವು ಇನ್ನೂ ಮಾಡೋಣ, ಹಳೇದಕ್ಕೆ ಈಗ ಬೆಲೆ. ಹೌದು ಸಾರ್, ಹಳೇದಕ್ಕೆ. ಹನ್ನೆರಡು ಗಂಟೆ. ಚಿತ್ರಗಾರ್ತಿ ಎರಡು ಲೋಟ ಟೀ ಹಿಡಿದು ಬಂದಳು, ಒಂದನ್ನು ನನ್ನ ಮುಂದಿಟ್ಟು ತನ್ನದನ್ನು ಕುಡಿಯದೆ ನಿಂತಳು, ಎರಡು ಮಕ್ಕಳ ತಾಯಿ, ಹನ್ನೊಂದು ವರ್ಷದಿಂದ ಇಲ್ಲಿ, ಕೈಬೆರಳಲ್ಲಿ ಯಾವಾಗಲೂ ಒಂದು ಬಣ್ಣ, ಇವತ್ತು ಕಂದು, ಮೇಡಂ ನಿನ್ನೆ ಸಂಜೆ ಬಟ್ಟೆ ತೆಗೆಯೋಕೆ ಮಹಡಿಗೆ ಹೋದ್ನಾ, ಚಂದ್ರ ಇತ್ತು ಮೇಡಂ, ಸಣ್ಣದು, ನಮ್ಮದು ಉಲ್ಟಾ ಇದೆ. ನಾನು ಟೀ ಊದಿದೆ. ಶನಿವಾರ ಇವಳೇ ಕೇಳಿದ್ದಳು, ಕಣ್ಣಿಗೆ ಏನೋ ಹೊಡೀತಿದೆ ಮೇಡಂ, ಈ ಚಂದ್ರ ಸರಿಯಾಗಿದೆಯಾ, ನಾನು ಹೇಳಿದ್ದೆ, ಟೀವಿಯಲ್ಲಿ ಹೀಗೇ ಇತ್ತು. ಸುಳ್ಳಲ್ಲ, ಟೀವಿಯಲ್ಲಿ ಹೀಗೇ ಇತ್ತು. ಆಮೇಲೆ ನಗುತ್ತ ಇನ್ನೊಂದು ಮಾತು ಸೇರಿಸಿದ್ದೆ, ನೀನೇನು ಆಕಾಶಕ್ಕೆ ಮೇಲ್ವಿಚಾರಕಿನಾ, ಪಕ್ಕದ ಮೇಜಿನ ಇಬ್ಬರು ಉಪಸಂಪಾದಕರು ನಕ್ಕರು, ಅವಳೂ ನಕ್ಕಳು, ನಕ್ಕು ಹಾಳೆ ಎತ್ತಿಕೊಂಡು ಹೋದಳು. ಈಗ ನಗುತ್ತಿಲ್ಲ, ನಂಗೆ ವಿವರಣೆ ಕೇಳೋ ಪತ್ರ ಬರುತ್ತಾ ಮೇಡಂ, ಈ ವರ್ಷ ಎರಡು ಆಗಿದೆ, ಮೂರಾದ್ರೆ ಬಡ್ತಿ ಹೋಯ್ತು. ಓದುಗರು ಹೇಳಲಿ ನೋಡೋಣ, ಯಾರೂ ಹೇಳದಿದ್ದರೆ ಏನೂ ಇಲ್ಲ. ನೀವು ನೋಡಿರಲಿಲ್ವಾ ಮೇಡಂ. ಅಷ್ಟೇ ಕೇಳಿದಳು, ಮುಖ ನೋಡಿ ಕೇಳಲಿಲ್ಲ, ಟೀಯ ಕೆನೆ ನೋಡಿ ಕೇಳಿದಳು, ನಾನು ಉತ್ತರ ಹೇಳುವ ಮೊದಲೇ ಹೋದಳು, ಅದು ಅವಳ ಮರ್ಯಾದೆ.

ನೋಡಿದ್ದೆ. ಹನ್ನೊಂದು ಸಲ ನೋಡಿದ್ದೆ, ಶುಕ್ರವಾರ ಮಧ್ಯಾಹ್ನ, ಇದೇ ಕುರ್ಚಿಯಲ್ಲಿ, ಇಯರ್‌ಫೋನು ಕಿವಿಗೆ ಹಾಕಿಕೊಂಡು. ಕಾಲುಗಂಟೆ ಬಳಗ ಅಂತ ಮೊಬೈಲಿನಲ್ಲಿ ಒಂದು ಗುಂಪು, ಆರು ಸಾವಿರ ಜನ, ಎಲ್ಲರಿಗೂ ನಲವತ್ತರ ಮೇಲೆ, ಆ ಕಿವಿ ಇಲ್ಲದ ಆನೆ ನೆನಪಿದೆಯಾ, ಅಯ್ಯೋ ಆ ಗಡಿಯಾರ, ಕಣ್ಣೀರಿನ ಇಮೋಜಿ, ಹೃದಯದ ಇಮೋಜಿ, ಯಾರಿಗೂ ಸೂಜಿ ತೇಲಿಸುವುದು ಹೇಗೆಂದು ನೆನಪಿಲ್ಲ, ಪ್ರಸಾರದವರ ಹತ್ತಿರ ಒಂದು ಕಂತೂ ಉಳಿದಿಲ್ಲ, ಟೇಪು ಒರೆಸಿ ಮೇಲೆ ಆಟದ ಪಂದ್ಯ ತುಂಬಿದರಂತೆ. ನಾನು ಆ ಗುಂಪಿನಲ್ಲಿ ನಾಲ್ಕು ವರ್ಷದಿಂದ ಇದ್ದೇನೆ, ಒಂದು ಅಕ್ಷರ ಬರೆದಿಲ್ಲ, ಕಾಯುತ್ತಿದ್ದೆ. ಹೋದ ವಾರ ಟೀವಿ ರಿಪೇರಿ ಮಾಡುತ್ತಿದ್ದ ಒಬ್ಬರು ಅಟ್ಟದಲ್ಲಿ ಒಂದು ಕ್ಯಾಸೆಟ್ಟು ಸಿಕ್ಕಿತು ಅಂತ ಎರಡು ಕಂತು ಹಾಕಿದರು, ಮೂವತ್ತೊಂದು, ಮೂವತ್ತೆರಡು. ಎಪ್ಪತ್ತೆಂಟು ಕಂತಿನಲ್ಲಿ ಅವೆರಡೇ. ದೇವರಿದ್ದರೆ ಅವನೂ ನನ್ನ ಹಾಗೆ ಹಳೆಯ ಲೆಕ್ಕ ಇಟ್ಟುಕೊಳ್ಳುವವನು. ಮೂವತ್ತೆರಡನ್ನು ಒಂದೇ ಸಲ ನೋಡಿದೆ, ಪಾಪು ಉಲ್ಟಾ ಇತ್ತು ಎಂಬಲ್ಲಿ ನಿಲ್ಲಿಸಿದೆ, ಅವನ ಹಲ್ಲು ಕಾಣುತ್ತಿತ್ತು, ಮೇಲಿನ ಸಾಲಿನಲ್ಲಿ ಒಂದು ಸಂದು. ಮೂವತ್ತೊಂದನ್ನು ಹನ್ನೊಂದು ಸಲ. ಆರಂಭದಿಂದ ನೋಡಿದ್ದು ಅದೇ ಮೊದಲು, ನಾಲ್ಕು ಸ್ವರ, ಗಡಿಯಾರ, ಬೆರಳು, ಮೂರು ನಿಮಿಷ ನಲವತ್ತನೇ ಸೆಕೆಂಡು — ಅದು ಈಗ ಬೇಡ. ಐದನೇ ನಿಮಿಷಕ್ಕೆ ಬರೋಣ, ಐದನೇ ನಿಮಿಷದಲ್ಲಿ ಎಲ್ಲ ಸ್ಪಷ್ಟ, ಕೋಲು, ಹಲಗೆ, ಸೂರ್ಯ, ಕೊಂಬು ಕೆಳಗಾದ ಚಂದ್ರ, ಆ ದೃಶ್ಯವನ್ನು ನಾನೇ ಆರಿಸಿ ಚಿತ್ರಗಾರ್ತಿಗೆ ಕೊಟ್ಟೆ, ಇದ್ದ ಹಾಗೇ ಬಿಡಿಸು, ನೆನಪಿನ ಪುಟ, ಕೈಚಳಕ ಬೇಡ. ಹಾಗೇ ಬಿಡಿಸಿದಳು. ಒಳ್ಳೆಯ ಕೈ.

ಹನ್ನೆರಡು ಮೂವತ್ತೆಂಟು. ಹೊಡೆದುಕೊಂಡಿತು. ಹಲೋ ತಿದ್ದುಪಡಿ ವಿಭಾಗ. ಒಂದು ಉಸಿರು, ಕೆಮ್ಮು, ಆಮೇಲೆ ಆ ಸ್ವರ, ಸವೆದಿದೆ, ಅಂಚು ಹರಿದಿದೆ, ಆದರೆ ಅದೇ, ಪದ ಪದಕ್ಕೆ ನಡುವೆ ಮಕ್ಕಳಿಗಾಗಿ ಬಿಡುವ ಅದೇ ಜಾಗ, ತಾಯೀ, ನನ್ನ ಬಗ್ಗೆ ನಿನ್ನೆ ಒಂದು ಪುಟ ಹಾಕಿದ್ದೀರಲ್ಲ, ತುಂಬ ಸಂತೋಷ ಆಯ್ತು, ಮೊಮ್ಮಗಳು ಓದಿ ಹೇಳಿದಳು, ಆದರೆ ಚಿತ್ರದಲ್ಲಿ ಒಂದು ತಪ್ಪಾಗಿದೆ ನೋಡಿ. ಪಾದ ತಣ್ಣಗಾಯಿತು. ಎರಡು ಲಕ್ಷ ಮನೆಯಲ್ಲಿ ಆಕಾಶ ನೋಡಿದವನು ಇವನೊಬ್ಬನೇ, ಎಂಬತ್ತೆರಡು ವರ್ಷ, ಭೂತಗನ್ನಡಿ ಹಿಡಿದು ನೋಡಿರಬೇಕು. ಏನು ತಪ್ಪು ಸಾರ್. ಮನಸ್ಸಿನಲ್ಲಿ ಏಕವಚನ, ಫೋನಿನಲ್ಲಿ ಸಾರ್. ಚಂದ್ರ ತಾಯಿ, ಚಂದ್ರನ ಕೊಂಬು ಸೂರ್ಯನ ಕಡೆ ಹಾಕಿಬಿಟ್ಟಿದ್ದಾರೆ, ಬೆನ್ನು ಅಲ್ಲವಾ ಇರಬೇಕಾದ್ದು, ಮಕ್ಕಳು ನೋಡಿದರೆ ತಪ್ಪು ಕಲೀತವೆ, ನಮ್ಮ ಕಾರ್ಯಕ್ರಮದಲ್ಲಿ ಇಂಥದ್ದು ಒಂದು ದಿನ ಆಗಿಲ್ಲ. ಒಂದು ದಿನವೂ ಇಲ್ವಾ ಸಾರ್. ಒಂದು ದಿನವೂ ಇಲ್ಲ, ಆ ಚಂದ್ರನ್ನ ನಾನೇ ಬರೆದು ಬಡಗಿ ಹತ್ತಿರ ಕೊಯ್ಸಿದ್ದು, ನಾನೇ ಬಣ್ಣ ಹಚ್ಚಿದೆ, ನಾನೇ ಮೊಳೆ ಹೊಡೆದೆ, ನಡುವೆ ಸರಿಯಾಗಿ, ಒಂದೇ ಮೊಳೆ, ಎರಡು ಮೊಳೆ ಹೊಡೆದರೆ ಹಲಗೆ ಹಾಳಾಗುತ್ತೆ ಅಂತ ಸ್ಟುಡಿಯೋದವರು ಬೈತಿದ್ರು. ನಕ್ಕ. ಕೆಮ್ಮಿದ. ನಾನು ಬರೆದುಕೊಳ್ಳುತ್ತಿದ್ದೆ, ಒಂದೇ ಮೊಳೆ, ಅಂತಲೂ ಬರೆದುಕೊಂಡೆ. ಸಾರ್, ಆಗ ಇದರ ಬಗ್ಗೆ ಯಾರಾದರೂ ಮಕ್ಕಳು ಬರೆದಿದ್ದರಾ. ಬರೆದಿರಬಹುದು, ವಾರಕ್ಕೆ ಮುನ್ನೂರು ಕಾರ್ಡು, ತಡೀರಿ, ಒಂದು ಮಗು, ಹೌದು ಹೌದು, ಚಂದ್ರ ಉಲ್ಟಾ ಅಂತ ಬರೆದಿತ್ತು, ನಾನೇನೋ ತಮಾಷೆ ಮಾಡಿದೆ, ಸ್ಟುಡಿಯೋ ಪೂರ್ತಿ ನಕ್ಕಿತು, ಮಗುವೂ ನಕ್ಕಿರುತ್ತೆ ಬಿಡಿ. ಮಗುವೂ ನಕ್ಕಿರುತ್ತೆ. ಪೆನ್ನು ಅಲ್ಲೇ ನಿಂತು ಹಾಳೆಯಲ್ಲಿ ಹಸಿರು ಚುಕ್ಕೆ ದೊಡ್ಡದಾಗುತ್ತ ಹೋಯಿತು. ಸಾರ್, ತಿದ್ದುಪಡಿಯಲ್ಲಿ ತಪ್ಪು ತೋರಿಸಿದವರ ಹೆಸರು ಹಾಕುವುದು ನಮ್ಮ ಪದ್ಧತಿ, ನಿಮ್ಮದು ಹಾಕಲೇ. ಹಾಕಿ ತಾಯಿ, ಧಾರಾಳವಾಗಿ ಹಾಕಿ, ಕಾಲುಗಂಟೆ ಮೇಷ್ಟ್ರು ಅಂತಲೇ ಹಾಕಿ, ಹೆಸರು ಯಾರಿಗೆ ಗೊತ್ತು. ಕೊಂಬು ಸೂರ್ಯನ ಕಡೆ ಇರೋದು ತಪ್ಪು ಅಂತ ನೀವೇ ಹೇಳಿದಿರಿ ಅಂತ ಬರೆದುಕೊಳ್ಳಲಾ. ಬರ್ಕೊಳ್ಳಿ, ನಾನೇ ಹೇಳಿದ್ದು. ಆಗಲಿ ಸಾರ್. ಒಳ್ಳೇದಾಗಲಿ ತಾಯಿ, ನಿಮ್ಮಂಥವರು ಇರೋದರಿಂದ ಪೇಪರು ನಡೀತಿದೆ. ಇಟ್ಟ. ಹನ್ನೆರಡು ನಲವತ್ತಾರು.

ಹದಿನಾಲ್ಕು ನಿಮಿಷ, ಅಂದರೆ ಕಾಲು ಗಂಟೆಗೆ ಒಂದು ಕಡಿಮೆ. ಬರೆಯುತ್ತಿದ್ದೇನೆ, ಭಾನುವಾರದ ಪುರವಣಿಯ ಹದಿಮೂರನೇ ಪುಟದ ಚಿತ್ರದಲ್ಲಿ ಚಂದ್ರನ ಕೊಂಬುಗಳು ಸೂರ್ಯನ ಕಡೆಗಿವೆ, ಇದು ತಪ್ಪು, ಸೂರ್ಯನ ಕಡೆಗಿರಬೇಕಾದದ್ದು ಬೆಳಕು ಬಿದ್ದ ಬೆನ್ನು, ಇದನ್ನು ತಿಳಿಸಿದವರು ಸ್ವತಃ ಕಾಲುಗಂಟೆ ಮೇಷ್ಟ್ರು. ಚಿತ್ರವನ್ನು ಅವರ ಕಾರ್ಯಕ್ರಮದ ಮೂವತ್ತೊಂದನೇ ಕಂತಿನ ಐದನೇ ನಿಮಿಷದ ದೃಶ್ಯದಿಂದ ಇದ್ದಂತೆಯೇ ಬಿಡಿಸಲಾಗಿತ್ತು. ಅದೇ ವಾರ ಒಂಬತ್ತು ವರ್ಷದ ವೀಕ್ಷಕಿಯೊಬ್ಬಳು ಈ ತಪ್ಪನ್ನು ಅವರಿಗೆ ಕಾರ್ಡಿನಲ್ಲಿ ತಿಳಿಸಿದ್ದಳು, ಮುಂದಿನ ಕಂತಿನಲ್ಲಿ ಅವಳ ಹೆಸರು ಮತ್ತು ವಿಳಾಸ ಓದಿ ನಗಲಾಯಿತು. ಪುಟದ ತಪ್ಪು ಪರಿಶೀಲನೆಯದು, ಚಿತ್ರ ಬಿಡಿಸಿದವರದಲ್ಲ. ವಿವರಣೆ ಪತ್ರ ನನಗೆ ಬರಲಿ, ಇಪ್ಪತ್ತಾರು ವರ್ಷದಲ್ಲಿ ಮೊದಲನೆಯದು, ಅವಳ ಲೆಕ್ಕ ಎರಡಕ್ಕೇ ನಿಲ್ಲಲಿ. ನಾಳೆ ಬೆಳಿಗ್ಗೆ ಮೊಮ್ಮಗಳು ಓದಿ ಹೇಳುತ್ತಾಳೆ, ತಾತಾ ನಿಮ್ಮ ಹೆಸರು ಬಂದಿದೆ, ಮೂರನೇ ಸಾಲಿನವರೆಗೆ ಅವನು ನಗುತ್ತಿರುತ್ತಾನೆ, ನಾಲ್ಕನೇ ಸಾಲು ಓದು ಮಗು, ನಿಧಾನವಾಗಿ ಓದು, ಪದ ಪದಕ್ಕೆ ನಡುವೆ ಜಾಗ ಬಿಟ್ಟು. ಆರು ಸಾವಿರ ಜನದ ಬಳಗ ಓದುತ್ತದೆ, ಅಣ್ಣ ಓದುತ್ತಾನೆ, ಅಪ್ಪ ಓದುವುದಿಲ್ಲ, ಅವನು ಹೋಗಿ ಒಂಬತ್ತು ವರ್ಷ. ಒಂದೊಂದು ವಾಕ್ಯವೂ ನಿಜ, ತಿರುಗಿಸಿ ಮುರುಗಿಸಿ ನೋಡಿದೆ, ಸುಳ್ಳು ಒಂದೂ ಇಲ್ಲ, ಯಾವ ವಕೀಲ ಬಂದರೂ ಇಲ್ಲ. ಹನ್ನೆರಡು ಐವತ್ತೈದು. ಕಳಿಸುವ ಗುಂಡಿಯ ಮೇಲೆ ಬೆರಳಿದೆ. ಮೂರು ನಿಮಿಷ ನಲವತ್ತನೇ ಸೆಕೆಂಡು. ಬೇಡವೆಂದರೂ ಬರುತ್ತದೆ, ಬರಲಿ, ನೋಡೋಣ. ಕಂತು ಶುರುವಾದಾಗ ಚಂದ್ರ ಸರಿಯಾಗಿದೆ. ಕೊಂಬು ಮೇಲೆ, ಬೆನ್ನು ಕೆಳಗೆ ಸೂರ್ಯನ ಕಡೆಗೆ, ನನ್ನ ಒಂಬತ್ತು ಬಟ್ಟೆ ಚೂರಿನ ಹಾಗೆ. ಮೂರು ನಿಮಿಷ ಮೂವತ್ತೊಂಬತ್ತು ಸೆಕೆಂಡಿನವರೆಗೆ ಅವನು ಹೇಳುವುದೂ ಸರಿ, ತೋರಿಸುವುದೂ ಸರಿ. ಆಗ ಅವನು ಕ್ಯಾಮರಾದ ಕಡೆ ತಿರುಗಿ ಕೋಲಿನಿಂದ ಹಲಗೆಗೆ ತಟ್ಟುತ್ತಾನೆ, ಮಕ್ಕಳೇ ಇಲ್ಲಿ ನೋಡಿ, ಟಕ್, ಬೆನ್ನ ಹಿಂದೆ ಚಂದ್ರ ಚೂರು ವಾಲುತ್ತದೆ, ಒಂದೇ ಮೊಳೆ, ಭಾರವೆಲ್ಲ ಮೊಳೆಗಿಂತ ಮೇಲೆ, ಟಕ್, ಇನ್ನೂ ಚೂರು, ಟಕ್, ಈಗ ಅಡ್ಡ, ಅವನು ನೋಡುವುದಿಲ್ಲ, ಮಕ್ಕಳನ್ನು ನೋಡುತ್ತಿದ್ದಾನೆ, ನಾನು ಆಗ ಹೊರಗೆ ನಲ್ಲಿಯ ಕೆಳಗೆ ಕಾಲು ತೊಳೆಯುತ್ತಿದ್ದೇನೆ, ಕೊನೆಯ ಸರದಿ, ಟಕ್, ಮಗುಚಿತು. ಅವನು ತೂಗಿ ಹಾಕಿದ್ದೂ ಸರಿ, ನಾನು ಕಂಡದ್ದೂ ಸರಿ. ಇದಕ್ಕೆ ಒಂದೇ ವಾಕ್ಯ ಸಾಕು, ಏಳೆಂಟು ಪದ, ಮೂಲೆಯಲ್ಲಿ ಇನ್ನೂ ಎರಡು ಸಾಲಿಗೆ ಜಾಗವಿದೆ. ಆದರೆ ಮಗುವೂ ನಕ್ಕಿರುತ್ತೆ ಬಿಡಿ. ಆದರೆ ಅಂಗುಲದ ಗೆರೆಗಳು ಮೇಲೆ ಕೆಳಗೆ. ಆದರೆ ಮೊಳೆ ಹೊಡೆದವನು ಅವನೇ. ಹನ್ನೆರಡು ಐವತ್ತೊಂಬತ್ತು, ಹಲಗೆ, ಕೋಲು, ಟಕ್, ಚಂದ್ರ ತಿರುಗುತ್ತದೆ, ಟಕ್, ತಿರುಗುತ್ತದೆ, ಒಂದೇ ಮೊಳೆಯ ಮೇಲೆ, ಸದ್ದಿಲ್ಲದೆ, ಅವನ ಬೆನ್ನ ಹಿಂದೆ.

ತಿದ್ದುಪಡಿ ಮಂಗಳವಾರ ಎರಡನೇ ಪುಟದ ಕೆಳಗೆ ಎಡಮೂಲೆಯಲ್ಲಿ ಅಚ್ಚಾಯಿತು. ಮೊಳೆಯ ವಿಷಯ ಅದರಲ್ಲಿ ಇರಲಿಲ್ಲ.